ಓದುಗರ ಪ್ರಶ್ನೆ, ನನ್ನ ಉತ್ತರ: ಚರ್ಚಿನ ಬಾಗಿಲಲ್ಲಿ ತಡೆದವರು ಯಾರು?

ಹೋದ ಸಂಚಿಕೆಯಲ್ಲಿ ಮಾರ್ಟಿನ್ ಲೂಥರ್ ಕಿಂಗ್ ಬಗ್ಗೆ ಬರೆದಿದ್ದೆ. ಭಾನುವಾರ ಬೆಳಿಗ್ಗೆ 11 ಗಂಟೆ ಅಂದರೆ ಅಮೆರಿಕದ ಕ್ರೈಸ್ತರು ಬಣ್ಣದ ಲೆಕ್ಕದಲ್ಲಿ ಅತಿ ಹೆಚ್ಚು ದೂರ ಕೂರುವ ಹೊತ್ತು ಅನ್ನೋ ಅವರ ಮಾತನ್ನು ಒಂದೇ ಸಾಲಿನಲ್ಲಿ ಹೇಳಿ ಮುಂದೆ ಹೋಗಿದ್ದೆ. ನೀವು ಬಿಡಬೇಕಲ್ಲ! ಬಂದ ಪತ್ರಗಳಲ್ಲಿ ಬಹುಪಾಲು ಆ ಸಾಲನ್ನೇ ಹಿಡಿದು ಜಗ್ಗಿವೆ. ಹಾಗಾಗಿ ಈ ಸಲ ಪೂರ್ತಿ ಅದೇ ವಿಷಯ. ಬೇರೆ ಪ್ರಶ್ನೆ ಕಳಿಸಿದವರು ದಯವಿಟ್ಟು ಒಂದು ತಿಂಗಳು ಕಾಯಿರಿ.

ಪ್ರಶ್ನೆ: ದೇವರು ಒಬ್ಬನೇ, ಬೈಬಲ್ಲೂ ಒಂದೇ. ಹಾಗಿದ್ದ ಮೇಲೆ ಕಪ್ಪು ಜನರ ಚರ್ಚು, ಬಿಳಿಯರ ಚರ್ಚು ಅಂತ ಏಕಾಯಿತು? ಕಪ್ಪು ಜನರೇ ತಮಗೆ ಬೇರೆ ಇರಲಿ ಅಂತ ಎದ್ದು ಹೋದರಂತೆ, ನಿಜವೇ?

ಎದ್ದು ಹೋದದ್ದು ನಿಜ. ಏಕೆ ಎದ್ದರು ಅನ್ನೋದನ್ನು ಮಾತ್ರ ಯಾರೂ ಜಾಸ್ತಿ ಹೇಳುವುದಿಲ್ಲ.

ಫಿಲಡೆಲ್ಫಿಯಾದಲ್ಲಿ ಸೇಂಟ್ ಜಾರ್ಜ್ಸ್ ಅನ್ನೋ ಮೆಥಡಿಸ್ಟ್ ಚರ್ಚು ಇವತ್ತಿಗೂ ಇದೆ. ಮೆಥಡಿಸ್ಟ್, ಬ್ಯಾಪ್ಟಿಸ್ಟ್, ಪ್ರೆಸ್ಬಿಟೇರಿಯನ್ ಇವೆಲ್ಲ ಪ್ರೊಟೆಸ್ಟೆಂಟ್ ಕ್ರೈಸ್ತರ ಬೇರೆ ಬೇರೆ ಪಂಗಡಗಳು. ಅಲ್ಲಿ ರಿಚರ್ಡ್ ಆಲೆನ್ ಅನ್ನುವವರು ಬೆಳಿಗ್ಗೆ ಐದು ಗಂಟೆಗೇ ಬೋಧನೆ ಮಾಡುತ್ತಿದ್ದರು. 1760ರಲ್ಲಿ ಗುಲಾಮರಾಗಿ ಹುಟ್ಟಿದವರು, ದುಡಿದು ಹಣ ಕೊಟ್ಟು ತಮ್ಮ ಬಿಡುಗಡೆಯನ್ನು ತಾವೇ ಕೊಂಡವರು. ಅವರ ಮಾತು ಕೇಳಲು ಕಪ್ಪು ಜನ ಹೆಚ್ಚು ಹೆಚ್ಚು ಬರತೊಡಗಿದರು. ಬಿಳಿಯರಿಗೆ ಇರುಸುಮುರುಸು ಶುರುವಾಯಿತು. ಮೊದಲು ಅವರನ್ನು ಗೋಡೆಯ ಪಕ್ಕಕ್ಕೆ ಸರಿಸಿದರು. ಆಮೇಲೆ ಹೊಸದಾಗಿ ಕಟ್ಟಿಸಿದ ಮೇಲಿನ ಗ್ಯಾಲರಿ ತೋರಿಸಿದರು. ಆ ಗ್ಯಾಲರಿ ಕಟ್ಟಲು, ಕೆಳಗೆ ಹೊಸ ನೆಲ ಹಾಸಲು ಕಪ್ಪು ಜನರೂ ಧಾರಾಳವಾಗಿ ಚಂದಾ ಕೊಟ್ಟಿದ್ದರು ಅಂತ ಆಲೆನ್ ಬರೆದಿದ್ದಾರೆ.

ಆ ಭಾನುವಾರ ನಡೆದದ್ದನ್ನೂ ಅವರೇ ಬರೆದಿಟ್ಟಿದ್ದಾರೆ. ವರ್ಷದ ಬಗ್ಗೆ ಇತಿಹಾಸಕಾರರಲ್ಲಿ ತಕರಾರು ಇದೆ. ಕೆಲವರು 1787 ಅನ್ನುತ್ತಾರೆ, ಕೆಲವರು 1792. ಆಲೆನ್ ಮತ್ತು ಜೊತೆಗಾರರು ಚರ್ಚಿನವರು ಹೇಳಿದಂತೆಯೇ ಗ್ಯಾಲರಿ ಹತ್ತಿ ಕೂತರು. ಪ್ರಾರ್ಥನೆ ಶುರುವಾಯಿತು, ಮೊಣಕಾಲೂರಿದರು. ಅಷ್ಟರಲ್ಲಿ ಗದ್ದಲ ಕೇಳಿ ಆಲೆನ್ ತಲೆ ಎತ್ತಿ ನೋಡಿದರೆ, ಚರ್ಚಿನ ಟ್ರಸ್ಟಿಯೊಬ್ಬ ಜೊತೆಗಾರ ಅಬ್ಸಲಮ್ ಜೋನ್ಸ್ ಅವರನ್ನು ಹಿಡಿದು ಮೇಲಕ್ಕೆ ಎಳೆಯುತ್ತಿದ್ದಾನೆ. ಇಲ್ಲಿ ಮೊಣಕಾಲೂರುವ ಹಾಗಿಲ್ಲ, ಏಳು ಅಂತ. ಪ್ರಾರ್ಥನೆ ಮುಗಿಯುವ ತನಕ ತಡೆಯಿರಿ ಅಂದರು ಜೋನ್ಸ್. ಆತ ತಡೆಯಲಿಲ್ಲ, ಇನ್ನೊಬ್ಬ ಟ್ರಸ್ಟಿಯನ್ನೂ ಕೈಸನ್ನೆ ಮಾಡಿ ಕರೆದ. ಪ್ರಾರ್ಥನೆ ಮುಗಿಯಿತು. ಇವರೆಲ್ಲ ಒಟ್ಟಿಗೆ ಎದ್ದು ಹೊರಗೆ ನಡೆದರು.

ಆಮೇಲೆ ಆಲೆನ್ ಒಂದು ಹಳೆಯ ಕಮ್ಮಾರಸಾಲೆಯನ್ನು ಕೊಂಡು, ಎಳೆಸಿಕೊಂಡು ಬಂದು, ಸಿಕ್ಸ್ತ್ ಸ್ಟ್ರೀಟಿನ ತಮ್ಮ ಜಾಗದಲ್ಲಿ ನಿಲ್ಲಿಸಿ ಚರ್ಚು ಮಾಡಿದರು. 1794ರಲ್ಲಿ ಬಿಷಪ್ ಫ್ರಾನ್ಸಿಸ್ ಆಸ್ಬರಿ ಬಂದು ಅದನ್ನು ಪ್ರತಿಷ್ಠೆ ಮಾಡಿದರು. ಅದೇ ಬೆತೆಲ್ ಚರ್ಚು. ಸುಮ್ನೆ ಬಿಟ್ಟರಾ? ಇಲ್ಲ. ಕಟ್ಟಡವೂ ನಮ್ಮದು, ಅಲ್ಲಿ ಯಾರು ಬೋಧಿಸಬೇಕು ಅನ್ನೋದೂ ನಮ್ಮದೇ ಅಂತ ಬಿಳಿಯ ಮೆಥಡಿಸ್ಟರು ವರ್ಷಗಟ್ಟಲೆ ಕಾಡಿದರು. ಪೆನ್ಸಿಲ್ವೇನಿಯಾದ ಸುಪ್ರೀಂ ಕೋರ್ಟಿನವರೆಗೆ ಹೋಗಿ ಗೆದ್ದ ಮೇಲೆಯೇ, 1816ರಲ್ಲಿ, ಆಫ್ರಿಕನ್ ಮೆಥಡಿಸ್ಟ್ ಎಪಿಸ್ಕೋಪಲ್ ಪಂಗಡ ಹುಟ್ಟಿದ್ದು. ಹೊರಗೂ ಹಾಕುವುದು, ಹೋದವರ ಕೀಲಿಕೈಯನ್ನೂ ಕೇಳುವುದು! ಇದನ್ನು ಅವರ ಆಯ್ಕೆ ಅಂತ ಕರೆಯಲು ನನಗೆ ಬಾಯಿ ಬರುವುದಿಲ್ಲ.

1960ರಲ್ಲಿ ಕಿಂಗ್ ಅವರನ್ನು ಟಿವಿ ಸಂದರ್ಶನದಲ್ಲಿ ಇದೇ ಧಾಟಿಯಲ್ಲಿ ಕೆಣಕಿದ್ದರು. ನಿಮ್ಮ ಅಟ್ಲಾಂಟಾದ ಚರ್ಚಿನಲ್ಲಿ ಬಿಳಿಯ ಸದಸ್ಯರು ಎಷ್ಟು ಜನ ಅಂತ. ಒಬ್ಬರೂ ಇಲ್ಲ ಅಂದರು ಕಿಂಗ್. ಆ 11 ಗಂಟೆಯ ಮಾತು ಬಂದದ್ದು ಈ ಪ್ರಶ್ನೆಗೆ ಉತ್ತರವಾಗಿ. ತಮ್ಮ ಚರ್ಚು ಬೇರೆಯಾಗಿ ಉಳಿದಿದೆ ನಿಜ, ಆದರೆ ಯಾರನ್ನೂ ಬೇರೆ ಮಾಡುತ್ತಿಲ್ಲ, ಬಿಳಿಯರು ಬಂದರೆ ಸ್ವಾಗತ ಅಂತಲೂ ಹೇಳಿದರು. ಈ ವ್ಯತ್ಯಾಸ ಹಿಡಿದಿಟ್ಟುಕೊಳ್ಳಿ, ಮುಂದಿನ ಉತ್ತರಗಳಿಗೆ ಬೇಕಾಗುತ್ತದೆ.

ಪ್ರಶ್ನೆ: ಬಣ್ಣ ನೋಡಿ ದೂರ ಇಡಿ ಅಂತ ಬೈಬಲ್ಲಿನಲ್ಲಿ ಎಲ್ಲಿದೆ? ಪಾದ್ರಿಗಳು ಯಾವ ವಚನ ತೋರಿಸುತ್ತಿದ್ದರು?

ಮುಖ್ಯವಾಗಿ ಎರಡು. ಮೊದಲನೆಯದು ಆದಿಕಾಂಡದ 9ನೇ ಅಧ್ಯಾಯ, ನೋಹನ ಶಾಪ. ನೋಹನ ಮಗ ಹಾಮನ ಸಂತತಿಯೇ ಆಫ್ರಿಕದವರು, ಅವರಿಗೆ ದಾಸತ್ವದ ಶಾಪ ಇದೆ ಅನ್ನೋ ವಾದ. ಪುಸ್ತಕ ತೆರೆದು ನೋಡಿ. ನೋಹ ಶಪಿಸುವುದು ಹಾಮನನ್ನಲ್ಲ, ಅವನ ಮಗ ಕಾನಾನನನ್ನು. ಚರ್ಮದ ಬಣ್ಣದ ಸುದ್ದಿಯೇ ಅಲ್ಲಿಲ್ಲ.

ಎರಡನೆಯದು ಇನ್ನೂ ಸ್ವಾರಸ್ಯ. ಅಪೊಸ್ತಲರ ಕೃತ್ಯಗಳು 17:26. ಒಂದೇ ಮೂಲದಿಂದ ದೇವರು ಎಲ್ಲ ಜನಾಂಗಗಳನ್ನು ಹುಟ್ಟಿಸಿದನು ಅಂತ ವಚನದ ಮೊದಲರ್ಧ. ಅವರವರ ವಾಸದ ಮೇರೆಗಳನ್ನೂ ಗೊತ್ತುಮಾಡಿದನು ಅಂತ ಉಳಿದರ್ಧ. ಬೇರೆ ಮಾಡಬಾರದು ಅನ್ನುವವರು ಮೊದಲರ್ಧ ಓದುತ್ತಿದ್ದರು, ಮಾಡಬೇಕು ಅನ್ನುವವರು ಎರಡನೆಯದನ್ನು. ಬಾಬ್ ಜೋನ್ಸ್ ಅನ್ನೋ ಪ್ರಸಿದ್ಧ ಬೋಧಕರು 1960ರ ಈಸ್ಟರ್ ದಿನ ರೇಡಿಯೋದಲ್ಲಿ ಈ ಮೇರೆಗಳ ಮೇಲೆಯೇ ಇಡೀ ಭಾಷಣ ಕಟ್ಟಿದರು. ಈಸ್ಟರ್ ದಿನ ಮಾತಾಡಲು ಅವರಿಗೆ ಬೇರೆ ವಿಷಯವೇ ಸಿಗಲಿಲ್ಲವಾ ಅಂತ ನನಗೆ ಆಶ್ಚರ್ಯ.

ಅಂದ ಹಾಗೆ ವಚನಕ್ಕಿಂತ ಮೊದಲು ಕಾನೂನೇ ಕೆಲಸ ಮಾಡಿತ್ತು. ದೀಕ್ಷಾಸ್ನಾನ ಪಡೆದ ಗುಲಾಮನನ್ನು ಬಿಡುಗಡೆ ಮಾಡಬೇಕಾಗುತ್ತದೋ ಅನ್ನೋ ಅಳುಕು ಮಾಲೀಕರಿಗೆ ಇತ್ತು. ದೀಕ್ಷೆಯಾದರೂ ಗುಲಾಮ ಗುಲಾಮನೇ ಅಂತ 1667ರಲ್ಲಿ ವರ್ಜೀನಿಯಾ ಕಾಯ್ದೆ ಮಾಡಿತು. ಅಳುಕು ಹೋಯಿತು.

ಪ್ರಶ್ನೆ: ಉತ್ತರದ ಚರ್ಚುಗಳು ಗುಲಾಮಗಿರಿ ವಿರೋಧಿಸಿದವು, ದಕ್ಷಿಣದವು ಬೆಂಬಲಿಸಿದವು. ಇಷ್ಟೇ ಅಲ್ವಾ ಕಥೆ?

ಅಷ್ಟೇ ಆಗಿದ್ದರೆ ನನ್ನ ಕೆಲಸ ಸುಲಭವಾಗುತ್ತಿತ್ತು. ಆಲೆನ್ ಎದ್ದು ಬಂದ ಫಿಲಡೆಲ್ಫಿಯಾ ಉತ್ತರದಲ್ಲಿಯೇ ಇದೆ!

ಗುಲಾಮಗಿರಿ ವಿಷಯದಲ್ಲಿ ಒಡೆದದ್ದು ಹೌದು. 1844ರಲ್ಲಿ ಜಾರ್ಜಿಯಾದ ಮೆಥಡಿಸ್ಟ್ ಬಿಷಪ್ ಜೇಮ್ಸ್ ಆಂಡ್ರ್ಯೂ ಬಳಿ ಗುಲಾಮರಿದ್ದಾರೆ ಅಂತ ಗಲಾಟೆಯಾಗಿ ಮೆಥಡಿಸ್ಟರು ಇಬ್ಭಾಗವಾದರು. ಗುಲಾಮರನ್ನು ಇಟ್ಟುಕೊಂಡವರನ್ನು ಮಿಷನರಿ ಮಾಡಬಹುದೋ ಬೇಡವೋ ಅನ್ನೋ ಜಗಳದಲ್ಲಿ 1845ರಲ್ಲಿ ಜಾರ್ಜಿಯಾದ ಆಗಸ್ಟಾದಲ್ಲಿ ಸದರ್ನ್ ಬ್ಯಾಪ್ಟಿಸ್ಟ್ ಕನ್ವೆನ್ಷನ್, ಅಂದರೆ ದಕ್ಷಿಣದ ಬ್ಯಾಪ್ಟಿಸ್ಟ್ ಚರ್ಚುಗಳ ಒಕ್ಕೂಟ, ಹುಟ್ಟಿತು. ಪ್ರೆಸ್ಬಿಟೇರಿಯನ್ನರು 1861ರಲ್ಲಿ ಅಮೆರಿಕದ ಅಂತರ್ಯುದ್ಧದ ಜೊತೆಯೇ ಒಡೆದರು.

ಮೆಥಡಿಸ್ಟರು ಮತ್ತೆ ಒಂದಾದ ರೀತಿ ನೋಡಿ. 1939ರಲ್ಲಿ ಉತ್ತರ, ದಕ್ಷಿಣ ಕೈಕುಲುಕಿದವು. ಇಡೀ ದೇಶವನ್ನು ಭೂಪಟದ ಪ್ರಕಾರ ಐದು ವಿಭಾಗ ಮಾಡಿದರು. ಆರನೆಯದು ಮಾತ್ರ ಚರ್ಮದ ಪ್ರಕಾರ. ಅದರ ಹೆಸರು ಸೆಂಟ್ರಲ್ ಜುರಿಸ್ಡಿಕ್ಷನ್. ಕಪ್ಪು ಜನರ ಸಭೆಗಳು ಎಲ್ಲೇ ಇರಲಿ, ಬಹುತೇಕ ಎಲ್ಲವನ್ನೂ ಅದರೊಳಗೆ ತುರುಕಿದರು. ಕಪ್ಪು ಪ್ರತಿನಿಧಿಗಳಲ್ಲಿ ಬಹುಪಾಲು ಜನ ಇದನ್ನು ವಿರೋಧಿಸಿದ್ದರು. ಆದರೂ ಪಾಸಾಯಿತು, ಏಕೆಂದರೆ ಉತ್ತರದ ಬಿಳಿಯರಿಗೂ ಒಗ್ಗಟ್ಟೇ ದೊಡ್ಡದಾಗಿ ಕಂಡಿತು. ಈ ವ್ಯವಸ್ಥೆ ಹೋದದ್ದು 1968ರಲ್ಲಿ, ಯುನೈಟೆಡ್ ಮೆಥಡಿಸ್ಟ್ ಚರ್ಚು ಆದಾಗ. ಊರಿನ ಒಂದು ಚರ್ಚು ತಪ್ಪು ಮಾಡಿದರೆ ಜನರ ಸಣ್ಣತನ ಅನ್ನಬಹುದು. ಇದನ್ನಂತೂ ಚರ್ಚೆ ಮಾಡಿ, ಮತ ಹಾಕಿ, ಪಂಗಡದ ಸಂವಿಧಾನದಲ್ಲಿ ಬರೆದುಕೊಂಡರು. ನನ್ನ ಮಟ್ಟಿಗೆ ಗ್ಯಾಲರಿಗಿಂತ ಕೆಟ್ಟದ್ದು ಇದು.

ಪ್ರಶ್ನೆ: ಪ್ರಾರ್ಥನೆಗೆ ಬಂದವರನ್ನು ನಿಜವಾಗಿಯೂ ಬಾಗಿಲಲ್ಲೇ ತಡೆಯುತ್ತಿದ್ದರಾ? ಪಾದ್ರಿಗಳು ಸುಮ್ಮನಿದ್ದರಾ?

ತಡೆಯುತ್ತಿದ್ದರು. ಪಾದ್ರಿಗಳಲ್ಲಿ ಎಲ್ಲರೂ ಸುಮ್ಮನಿರಲಿಲ್ಲ. ಮಿಸಿಸಿಪ್ಪಿಯ ಜಾಕ್ಸನ್ ಊರನ್ನೇ ತೆಗೆದುಕೊಳ್ಳಿ. 1960ರ ದಶಕದಲ್ಲಿ ಕಪ್ಪು ವಿದ್ಯಾರ್ಥಿಗಳು, ಜೊತೆಗೆ ಕೆಲವು ಬಿಳಿಯರು, ಭಾನುವಾರ ಬಿಳಿಯರ ಚರ್ಚಿಗೆ ಹೋಗಿ ಒಳಗೆ ಬಿಡಿ ಅಂತ ಕೇಳುವ ಚಳವಳಿ ಹೂಡಿದ್ದರು. ನೀಲ್-ಇನ್ (ಮೊಣಕಾಲೂರುವುದು) ಅಂತ ಅದಕ್ಕೆ ಹೆಸರು. 1963ರ ಜೂನ್ 9ರಂದು ಗ್ಯಾಲೊವೇ ಮೆಥಡಿಸ್ಟ್ ಚರ್ಚಿಗೆ ಹೀಗೆ ಬಂದವರನ್ನು ಅಶರುಗಳು, ಅಂದರೆ ಬಂದವರಿಗೆ ಜಾಗ ತೋರಿಸಿ ಕೂರಿಸುವ ಸ್ವಯಂಸೇವಕರು, ಮೆಟ್ಟಿಲಲ್ಲೇ ತಡೆದು ವಾಪಸ್ ಕಳಿಸಿದರು. ಒಳಗೆ ಪಾಸ್ಟರ್ ಡಬ್ಲ್ಯು. ಬಿ. ಸೀಲಾ ಪ್ರಸಂಗ ಮಾಡುತ್ತಿದ್ದರು. ವಿಷಯ ಕಿವಿಗೆ ಬಿತ್ತು. ಪ್ರಸಂಗವನ್ನು ಅಲ್ಲಿಗೇ ಮೊಟಕು ಮಾಡಿ, ದೇವರ ಮನೆಯಲ್ಲಿ ಬಣ್ಣದ ಬೇಲಿ ಇರಬಾರದು ಅಂದರು, ನಾನು ಈ ಚರ್ಚು ಬಿಡುತ್ತೇನೆ ಅಂದರು. 18 ವರ್ಷ ಅಲ್ಲಿ ಪಾಸ್ಟರ್ ಆಗಿದ್ದವರು. ಮೂರೇ ದಿನಕ್ಕೆ, ಕಪ್ಪು ಜನರ ಹಕ್ಕುಗಳಿಗಾಗಿ ಹೋರಾಡುತ್ತಿದ್ದ ಅದೇ ಊರಿನ ಮೆಡ್ಗರ್ ಎವರ್ಸ್ ಅವರನ್ನು ಅವರ ಮನೆಯ ಮುಂದೆಯೇ ಗುಂಡಿಕ್ಕಿ ಕೊಂದರು.

ಆ ಅಕ್ಟೋಬರಿನಿಂದ ಚರ್ಚಿನ ಮೆಟ್ಟಿಲಿಗೆ ಪೊಲೀಸರೂ ಬಂದರು, ಬಂಧನ ಶುರುವಾಯಿತು. ಬಂದವರು ಗಲಾಟೆಯವರು, ಪ್ರಾರ್ಥನೆ ಅನ್ನೋದು ನೆಪ ಅಂತ ಚರ್ಚಿನವರ ಸಮರ್ಥನೆ. ಆ ಸಮರ್ಥನೆ 1964ರ ಈಸ್ಟರ್ ದಿನ ಬಯಲಾಯಿತು. ಅವತ್ತು ಗ್ಯಾಲೊವೇ ಬಾಗಿಲಿಗೆ ಬಂದವರು ಇಬ್ಬರು ಮೆಥಡಿಸ್ಟ್ ಬಿಷಪ್‌ಗಳು. ಒಬ್ಬರು ಕಪ್ಪು ವರ್ಣದ ಚಾರ್ಲ್ಸ್ ಗೋಲ್ಡನ್, ಇನ್ನೊಬ್ಬರು ಬಿಳಿಯ ಜೇಮ್ಸ್ ಮ್ಯಾಥ್ಯೂಸ್. ತಮ್ಮದೇ ಪಂಗಡದ ಬಿಷಪ್‌ಗಳು, ಅದೂ ಈಸ್ಟರ್ ದಿನ! ಅಶರುಗಳು ಇಬ್ಬರನ್ನೂ ಒಳಗೆ ಬಿಡಲಿಲ್ಲ. ಗೋಲ್ಡನ್ ಯಾವ ವಿಭಾಗದ ಬಿಷಪ್ ಗೊತ್ತಾ? ಮೇಲೆ ಹೇಳಿದ ಸೆಂಟ್ರಲ್ ಜುರಿಸ್ಡಿಕ್ಷನ್ನಿನವರು.

ಇನ್ನೊಂದು ಘಟನೆ ಹೇಳದೆ ಮುಂದೆ ಹೋಗಲಾರೆ. ಸ್ಯಾಮ್ ಓನಿ ಘಾನಾ ದೇಶದವರು. ಅಲ್ಲಿಗೆ ಹೋಗಿದ್ದ ಸದರ್ನ್ ಬ್ಯಾಪ್ಟಿಸ್ಟ್ ಮಿಷನರಿಗಳ ಮೂಲಕ ಬ್ಯಾಪ್ಟಿಸ್ಟ್ ಆದವರು. 1963ರಲ್ಲಿ ಜಾರ್ಜಿಯಾದ ಮೇಕನ್‌ನಲ್ಲಿರುವ ಮರ್ಸರ್ ಎಂಬ ಬ್ಯಾಪ್ಟಿಸ್ಟ್ ವಿಶ್ವವಿದ್ಯಾಲಯ ಸೇರಿದರು, ಅಲ್ಲಿನ ಮೊದಲ ಕಪ್ಪು ವಿದ್ಯಾರ್ಥಿಯಾಗಿ. ಕ್ಯಾಂಪಸ್ಸಿನಲ್ಲೇ ಟ್ಯಾಟ್ನಲ್ ಸ್ಕ್ವೇರ್ ಬ್ಯಾಪ್ಟಿಸ್ಟ್ ಚರ್ಚು ಇತ್ತು. 1966ರ ಸೆಪ್ಟೆಂಬರಿನ ಒಂದು ಭಾನುವಾರ ಅಲ್ಲಿಗೆ ಹೋದರೆ ಮೆಟ್ಟಿಲ ಮೇಲೆಯೇ ಅವರನ್ನು ಹಿಡಿದು ತಡೆದರು. ಅದೇ ಹೊತ್ತಿಗೆ ಒಳಗೆ ಮತದಾನ ನಡೆಯಿತು. ಎಲ್ಲರಿಗೂ ಬಾಗಿಲು ತೆರೆಯೋಣ ಅಂದಿದ್ದ ಪಾಸ್ಟರ್ ಥಾಮಸ್ ಹೋಮ್ಸ್ ಅವರನ್ನೂ ಅವರ ಇಬ್ಬರು ಸಹಾಯಕರನ್ನೂ ಕೆಲಸದಿಂದ ತೆಗೆದರು. ಆಫ್ರಿಕಕ್ಕೆ ಸುವಾರ್ತೆ ಕಳಿಸಲು ದುಡ್ಡು ಕೊಟ್ಟ ಪಂಗಡ, ಆ ಸುವಾರ್ತೆ ಕೇಳಿ ಬಂದವನಿಗೆ ಒಂದು ಬೆಂಚು ಕೊಡಲಿಲ್ಲ.

ಪ್ರಶ್ನೆ: ಮೇಲಿನವರು ಆದೇಶ ಮಾಡಿದ್ದರೆ ಸರಿಹೋಗುತ್ತಿರಲಿಲ್ಲವೇ?

ಬ್ಯಾಪ್ಟಿಸ್ಟರಲ್ಲಿ ಮೇಲಿನವರು ಅಂತಲೇ ಇಲ್ಲ. ಪ್ರತಿ ಸಭೆಯೂ ಸ್ವತಂತ್ರ. ಶಾಲೆಗಳಲ್ಲಿ ಬಣ್ಣದ ಭೇದ ಸಲ್ಲದು ಅಂತ 1954ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತು. ಅದು ಕ್ರೈಸ್ತ ತತ್ವಕ್ಕೆ ಹೊಂದುತ್ತದೆ ಅಂತ ಮರುತಿಂಗಳೇ ಸದರ್ನ್ ಬ್ಯಾಪ್ಟಿಸ್ಟರ ಮಹಾಸಭೆ ಒಪ್ಪಿತು. ಆಶ್ಚರ್ಯ ಅಲ್ವಾ? ಆದರೆ ಮಹಾಸಭೆಯ ಮಾತು ಊರಿನ ಚರ್ಚನ್ನು ಕಟ್ಟಿಹಾಕುವುದಿಲ್ಲ. ಮೆಥಡಿಸ್ಟರಲ್ಲಿ ಬಿಷಪ್‌ಗೆ ಅಧಿಕಾರ ಇತ್ತು. ಅವರ ಗತಿ ಏನಾಯಿತು ಅಂತ ಈಗ ತಾನೇ ಓದಿದಿರಿ.

ಒತ್ತಡ ಕೆಲಸ ಮಾಡಿದ್ದೂ ಇದೆ. ಮೆಂಫಿಸ್‌ನ ಸೆಕೆಂಡ್ ಪ್ರೆಸ್ಬಿಟೇರಿಯನ್ ಚರ್ಚು 1964ರಲ್ಲಿ ಕಪ್ಪು ವಿದ್ಯಾರ್ಥಿಗಳನ್ನು ವಾರಗಟ್ಟಲೆ ಹೊರಗೆ ನಿಲ್ಲಿಸಿತು. 1965ರಲ್ಲಿ ಅಲ್ಲಿ ನಡೆಯಬೇಕಿದ್ದ ಪಂಗಡದ ಮಹಾಸಭೆಯನ್ನು ಬೇರೆ ಊರಿಗೆ ಸಾಗಿಸಿದರು. ಮಾನ ಹೋಯಿತು, ಬಾಗಿಲು ತೆರೆಯಿತು. ಸಿಟ್ಟಾದ ಸದಸ್ಯರು ಹೊರಗೆ ಹೋಗಿ ತಮ್ಮದೇ ಇನ್ನೊಂದು ಚರ್ಚು ಕಟ್ಟಿಕೊಂಡರು.

ಪ್ರಶ್ನೆ: ಕಪ್ಪು, ಬಿಳಿ ಒಟ್ಟಿಗೆ ಪ್ರಾರ್ಥಿಸಿದ ಉದಾಹರಣೆಯೇ ಇಲ್ಲವೇ?

ಇದೆ. ಲಾಸ್ ಏಂಜಲೀಸ್, ಅಜುಸಾ ಸ್ಟ್ರೀಟ್, 1906. ಪವಿತ್ರಾತ್ಮದ ಅನುಭವಕ್ಕೆ ಒತ್ತು ಕೊಡುವ ಪೆಂಟಕಾಸ್ಟಲ್ ಚಳವಳಿಗೆ ಬೆಂಕಿ ಹತ್ತಿದ ಜಾಗ. ಮುಂದಾಳು ವಿಲಿಯಂ ಸೀಮೋರ್, ಗುಲಾಮರಾಗಿದ್ದ ತಂದೆತಾಯಿಯ ಮಗ. ಅದಕ್ಕೆ ಮೊದಲು ಹ್ಯೂಸ್ಟನ್ನಿನಲ್ಲಿ ಚಾರ್ಲ್ಸ್ ಪಾರ್ಹ್ಯಾಮ್ ಎಂಬ ಬಿಳಿಯ ಬೋಧಕರ ಪಾಠವನ್ನು ಇವರು ಕೋಣೆಯ ಹೊರಗೆ ಕೂತು, ತೆರೆದ ಬಾಗಿಲಿನಿಂದ ಕೇಳಿಸಿಕೊಂಡಿದ್ದರು. ಒಳಗೆ ಕೂರುವಂತಿರಲಿಲ್ಲ. ಅಜುಸಾದಲ್ಲಿ ಇವರು ಮಾತ್ರ ಎಲ್ಲರನ್ನೂ ಒಟ್ಟಿಗೆ ಕೂರಿಸಿದರು. ನೋಡಲು ಬಂದ ಪಾರ್ಹ್ಯಾಮ್ ಅವರಿಗೆ ಆ ಬೆರಕೆ ಸಹಿಸಲಾಗಲಿಲ್ಲ. ಕೆಲವೇ ವರ್ಷಗಳಲ್ಲಿ ಪೆಂಟಕಾಸ್ಟಲ್ಲರೂ ಬಣ್ಣದ ಗೆರೆಯಲ್ಲೇ ಹಂಚಿಹೋದರು.

ಪ್ರಶ್ನೆ: ಯಾರಾದರೂ ಕ್ಷಮೆ ಕೇಳಿದರಾ?

ಸದರ್ನ್ ಬ್ಯಾಪ್ಟಿಸ್ಟರು 1995ರಲ್ಲಿ, ಹುಟ್ಟಿ 150 ವರ್ಷವಾದಾಗ ಕೇಳಿದರು. 2012ರಲ್ಲಿ ಫ್ರೆಡ್ ಲೂಟರ್ ಆ ಪಂಗಡದ ಮೊದಲ ಕಪ್ಪು ಅಧ್ಯಕ್ಷರಾದರು. ರೇಡಿಯೋ ಭಾಷಣದ ಬಾಬ್ ಜೋನ್ಸ್ ಹೆಸರಿನ ವಿಶ್ವವಿದ್ಯಾಲಯ, ಬೇರೆ ಬಣ್ಣದವರ ನಡುವೆ ಪ್ರೇಮ ಕೂಡದು ಅನ್ನೋ ನಿಯಮವನ್ನು 2000ದವರೆಗೂ ಬಿಡಲಿಲ್ಲ. ಅದಕ್ಕಾಗಿ ತೆರಿಗೆ ವಿನಾಯಿತಿ ಕಳೆದುಕೊಂಡು, 1983ರಲ್ಲಿ ಸುಪ್ರೀಂ ಕೋರ್ಟಿನಲ್ಲೂ ಸೋತಿತ್ತು. ಕ್ಷಮೆ ಬಂದದ್ದು 2008ರಲ್ಲಿ.

ಪ್ರಶ್ನೆ: ಅಧ್ಯಕ್ಷ ಜಿಮ್ಮಿ ಕಾರ್ಟರ್ ಅವರ ಚರ್ಚಿನಲ್ಲೂ ಹೀಗೇ ಇತ್ತಂತೆ?

ಇತ್ತು. ಜಾರ್ಜಿಯಾದ ಪ್ಲೇನ್ಸ್ ಬ್ಯಾಪ್ಟಿಸ್ಟ್ ಚರ್ಚು. 1965ರಲ್ಲಿ ಕಪ್ಪು ಜನರನ್ನು ಒಳಗೆ ಬಿಡಬಾರದು ಅನ್ನೋ ನಿರ್ಣಯ ಮತಕ್ಕೆ ಬಂತು. ಕಾರ್ಟರ್ ಎದ್ದು ನಿಂತು ವಿರೋಧಿಸಿದರು. ಸುಮಾರು 50 ಜನ ನಿರ್ಣಯದ ಪರ, ವಿರೋಧ ಆರೇ ಆರು. ಆ ಆರರಲ್ಲಿ ಐದು ಕಾರ್ಟರ್ ಮನೆಯವರದೇ. ಉಳಿದ ಜನ ಕೈ ಎತ್ತಲೇ ಇಲ್ಲ, ಸುಮ್ನೆ ಕೂತರು. 1976ರಲ್ಲಿ ಅಧ್ಯಕ್ಷ ಚುನಾವಣೆಗೆ ಎರಡು ದಿನ ಇದ್ದಾಗ ಕ್ಲೆನನ್ ಕಿಂಗ್ ಅನ್ನೋ ಕಪ್ಪು ಪಾದ್ರಿ ಸದಸ್ಯತ್ವ ಕೇಳಿಕೊಂಡು ಬಂದರು. ಚರ್ಚಿನವರು ಆ ದಿನದ ಆರಾಧನೆಯನ್ನೇ ರದ್ದು ಮಾಡಿದರು. ಕಾರ್ಟರ್ ಗೆದ್ದ ಮೇಲೆ, ನವೆಂಬರ್ 14ರಂದು, ಮತ್ತೆ ಮತ ಹಾಕಿ ನಿಷೇಧ ತೆಗೆದರು. ಮರುವರ್ಷ ಚರ್ಚೇ ಒಡೆದು ಮರಾನಾತಾ ಬ್ಯಾಪ್ಟಿಸ್ಟ್ ಚರ್ಚು ಹುಟ್ಟಿತು. ಅಧಿಕಾರ ಮುಗಿಸಿ ಊರಿಗೆ ಬಂದ ಕಾರ್ಟರ್ ಸೇರಿದ್ದು, ಮುಂದೆ ದಶಕಗಟ್ಟಲೆ ಭಾನುವಾರದ ಪಾಠ ಮಾಡಿದ್ದು ಈ ಹೊಸ ಚರ್ಚಿನಲ್ಲಿ.