ಪ್ರತಿಕ್ರಿಯೆ: ಶ್ರೀಮಂತರ ಯಾಟ್‌ಗಳು ನಿಜವಾಗಿ ಯುದ್ಧ ಮಾಡಿದ್ವಾ?

ಮೊದಲ ಮಹಾಯುದ್ಧದಲ್ಲಿ ಅಮೆರಿಕದ ನೌಕಾಪಡೆ ಸಾಹುಕಾರರ ಯಾಟ್‌ಗಳನ್ನು (ಮೋಜಿನ ವಿಹಾರಕ್ಕೆ ಕಟ್ಟಿಸಿದ ಖಾಸಗಿ ಹಡಗುಗಳನ್ನು) ತೆಗೆದುಕೊಂಡಿದ್ದು ಸುಮ್ನೆ ತೋರಿಕೆಗಾ ಎಂದು ಕೇಳಿದ್ದೀರಿ. ಅಲ್ಲ. 1917ರಲ್ಲಿ ಅವರಿಗೆ ಡೆಸ್ಟ್ರಾಯರ್‌ಗಳು, ಅಂದರೆ ವೇಗವಾಗಿ ಓಡುವ ಯುದ್ಧನೌಕೆಗಳು, ಸಾಲುತ್ತಿರಲಿಲ್ಲ. ಜರ್ಮನ್ ಸಬ್‌ಮರೀನ್‌ಗಳ ಕಾಟ ಬೇರೆ. ಉಗಿ ಎಂಜಿನ್ ಇದ್ದು ಸಾಗರ ದಾಟಬಲ್ಲ ದೊಡ್ಡ ಯಾಟ್‌ಗಳು ಸಿದ್ಧವಾಗಿಯೇ ಇದ್ದವು. ಅವುಗಳ ಮೇಲೆ ತೋಪು, ಡೆಪ್ತ್ ಚಾರ್ಜ್ (ನೀರಿನಾಳದಲ್ಲಿ ಸಿಡಿದು ಸಬ್‌ಮರೀನ್‌ಗೆ ಹೊಡೆಯುವ ಬಾಂಬ್) ಕೂರಿಸಿ ಫ್ರಾನ್ಸಿನ ಕರಾವಳಿಗೆ ಕಳಿಸಿದರು. ಕೆಲಸ ಏನೆಂದರೆ ಗಸ್ತು, ಸರಕು ಹಡಗುಗಳಿಗೆ ಕಾವಲು.

ಆದರೆ ಇವು ಹೊಡೆತ ತಿನ್ನಲು ಕಟ್ಟಿದ ಹಡಗುಗಳಲ್ಲ. 1917ರ ನವೆಂಬರ್ 5ರ ನಸುಕಿನಲ್ಲಿ ಇಂಥದೇ ಒಂದು ಯಾಟ್ 'ಆಲ್ಸಿಡೋ'ಗೆ ಯುಸಿ-71 ಎಂಬ ಜರ್ಮನ್ ಸಬ್‌ಮರೀನ್ ಟಾರ್ಪೆಡೋ ಹೊಡೆಯಿತು. ಕೆಲವೇ ನಿಮಿಷಗಳಲ್ಲಿ ಹಡಗು ಮುಳುಗಿ 21 ಜನ ಸತ್ತರು.

ನಿಮ್ಮ ಪ್ರಶ್ನೆಗೆ ಇನ್ನೂ ಒಳ್ಳೆಯ ಉತ್ತರ 'ಕ್ರಿಸ್ಟಬೆಲ್'. 1893ರಲ್ಲಿ ಗ್ಲಾಸ್ಗೋದಲ್ಲಿ ಕಟ್ಟಿದ ಸಣ್ಣ ಯಾಟ್ ಅದು. 1918ರ ಮೇ 21ರಂದು ಅದು ಯುಸಿ-56 ಎಂಬ ಇನ್ನೊಂದು ಜರ್ಮನ್ ಸಬ್‌ಮರೀನ್ ಮೇಲೆ ಡೆಪ್ತ್ ಚಾರ್ಜ್ ಹಾಕಿತು. ಸ್ಫೋಟ ಎಷ್ಟು ಜೋರಾಗಿತ್ತೆಂದರೆ ಯಾಟ್‌ನ ಡೆಕ್ ಮೇಲಿದ್ದ ಉಳಿದ ಡೆಪ್ತ್ ಚಾರ್ಜ್‌ಗಳೇ ಬಿಚ್ಚಿಕೊಂಡು ಚೆಲ್ಲಾಪಿಲ್ಲಿಯಾದವು. ಒಂದು ಸಿಡಿದರೂ ಎಲ್ಲರ ಕತೆ ಮುಗಿಯುತ್ತಿತ್ತು ಅಲ್ವಾ? ಡೇನಿಯಲ್ ಸಲಿವನ್ ಎಂಬ ಅಧಿಕಾರಿ ಅವುಗಳ ಮೇಲೆ ಬಿದ್ದು ಹಿಡಿದು ಭದ್ರಪಡಿಸಿದ. ಮಜಾ ನೋಡಿ, ಅವನು ವೃತ್ತಿಯ ಸೈನಿಕನೂ ಅಲ್ಲ, ಮೀಸಲು ಪಡೆಯವನು! ಅವನಿಗೆ ಅಮೆರಿಕದ ಅತ್ಯುನ್ನತ ಶೌರ್ಯ ಪದಕವಾದ ಮೆಡಲ್ ಆಫ್ ಆನರ್ ಸಿಕ್ಕಿತು.

ಆ ಸಬ್‌ಮರೀನ್ ಜಖಂಗೊಂಡು ಸ್ಪೇನಿನ ಸಾಂತಾಂದೇರ್ ಬಂದರು ಸೇರಿತು. ಆ ಯುದ್ಧದಲ್ಲಿ ಸ್ಪೇನ್ ತಟಸ್ಥವಾಗಿತ್ತು, ಹಾಗಾಗಿ ಅದನ್ನು ಅಲ್ಲೇ ತಡೆದಿಟ್ಟುಕೊಂಡರು.