ಹುಂಜ ಇಲ್ದೆ ಇಟ್ಟ ಮೊಟ್ಟೆ ಮಕ್ಕಳಿಗೆ ಕೊಡ್ಬಹುದಾ?

ಪ್ರಶ್ನೆ: ಡಾಕ್ಟ್ರೇ ನಮಸ್ತೆ, ನಮ್ದು ಮೂಡಿಗೆರೆ ಹತ್ರ ಹಳ್ಳಿ. ಮನೆ ಹಿಂದೆ 6 ನಾಟಿ ಹ್ಯಾಟೆ ಸಾಕಿದೀನಿ. ಇದ್ದ ಒಂದೇ ಹುಂಜನ್ನ ಎರಡು ತಿಂಗಳ ಹಿಂದೆ ನಾಯಿ ಹಿಡ್ಕೊಂಡು ಹೋಯ್ತು. ಆದ್ರೂ ಮೊಟ್ಟೆ ಬರ್ತಾನೇ ಇತ್ತು. ನಮ್ಮತ್ತೆ, ಹುಂಜ ಇಲ್ದಿರೋ ಮೊಟ್ಟೆಲಿ ಸತ್ವ ಇಲ್ಲ ಮಕ್ಳಿಗೆ ಕೊಡ್ಬೇಡ ಅಂತಾರೆ. ಒಂದು ಕೋಳಿನ ಈಚೆಗೆ ಇಟ್ಟ 9 ಮೊಟ್ಟೆ ಹಾಕಿ ಕಾವಿಗೆ ಕೂರಿಸಿದ್ದೆ, ಒಂದೂ ಮರಿ ಆಗ್ಲಿಲ್ಲ. ಈಗ ಮಳೆ ಹಿಡಿದ ಮೇಲೆ ಮೊಟ್ಟೆನೂ ಕಮ್ಮಿ. ಹುಂಜ ತಂದ್ರೆ ಎಲ್ಲಾ ಸರಿ ಹೋಗುತ್ತಾ?

ಉತ್ತರ: ಮೊದ್ಲು ಮಕ್ಕಳ ವಿಷಯ ಮುಗಿಸಿಬಿಡೋಣ ಅಮ್ಮ, ಧಾರಾಳವಾಗಿ ಕೊಡಿ, ಚೆನ್ನಾಗಿ ಬೇಯಿಸಿ ಕೊಡಿ. ಸತ್ವದಲ್ಲಿ ಏನೂ ವ್ಯತ್ಯಾಸ ಇಲ್ಲ. ಅಂಗಡಿಲಿ ಸಿಗೋ ಫಾರಂ ಮೊಟ್ಟೆ, ಶಾಲೇಲಿ ಬಿಸಿಯೂಟದ ಜೊತೆ ಕೊಡೋ ಮೊಟ್ಟೆ ಎಲ್ಲಾ ಹುಂಜನ ಮುಖಾನೇ ನೋಡದ ಕೋಳಿಗಳು ಇಟ್ಟಿದ್ದು, ಲೇಯರ್ ಫಾರಂಗಳಲ್ಲಿ ಹುಂಜ ಸಾಕೋದೇ ಇಲ್ಲ. ಒಂದು ಫಾರಂ ಮೊಟ್ಟೆಲಿ ಸುಮಾರು 6 ಗ್ರಾಂ ಪ್ರೋಟೀನ್ ಇರುತ್ತೆ, ನಿಮ್ಮ ನಾಟಿ ಮೊಟ್ಟೆ ಸೈಜಲ್ಲಿ ಚಿಕ್ಕದಾದ್ರಿಂದ ಸ್ವಲ್ಪ ಕಮ್ಮಿ ಇರಬಹುದು ಅಷ್ಟೆ.

ನಿಮ್ಮತ್ತೆಗೆ ಈ ಅನುಮಾನ ಯಾಕೆ ಬಂತು ಅಂತ ನಂಗೆ ಅರ್ಥ ಆಗುತ್ತೆ. ಹಸು ಗಬ್ಬ ಆಗಿ ಕರು ಹಾಕ್ದೆ ಹಾಲು ಕೊಡಲ್ಲ, ಅದನ್ನ ದಿನಾ ನೋಡಿದವರಿಗೆ ಕೋಳಿನೂ ಹಂಗೇ ಅನ್ಸುತ್ತೆ. ಆದ್ರೆ ಕೋಳಿ ಲೆಕ್ಕ ಬೇರೆ, ಹುಂಜ ಇರ್ಲಿ ಬಿಡ್ಲಿ ವಯಸ್ಸಿಗೆ ಬಂದ ಕೋಳಿ ಮೈ ಮೊಟ್ಟೆ ತಯಾರು ಮಾಡ್ತಾನೇ ಇರುತ್ತೆ.

ಒಳಗೆ ಏನಾಗುತ್ತೆ ಅಂದ್ರೆ, ಕೋಳಿಗೆ ಕೆಲಸ ಮಾಡೋ ಅಂಡಾಶಯ ಒಂದೇ, ಎಡಗಡೇದು. ಅಲ್ಲಿ ಬೇರೆ ಬೇರೆ ಸೈಜಿನ ಹಳದಿ ಗುಂಡುಗಳು ಗೊಂಚಲಾಗಿ ಇರ್ತಾವೆ, ನಾಟಿ ಕೋಳಿ ಕುಯ್ದು ಸ್ವಚ್ಛ ಮಾಡೋವಾಗ ನೀವೇ ನೋಡಿರ್ತೀರ. ಪೂರ್ತಿ ಬೆಳೆದ ಹಳದಿ ಕಳಚಿಕೊಂಡು ಅಂಡನಾಳಕ್ಕೆ ಬೀಳುತ್ತೆ, ಅಲ್ಲಿ ಸುಮಾರು 3 ಗಂಟೆ ಬಿಳಿ ಲೋಳೆ ಸುತ್ಕೊಳುತ್ತೆ, ಆಮೇಲೆ ಒಂದು ಗಂಟೆ ಚಿಲ್ರೆಲಿ ಒಳಗಿನ ತೆಳು ಪೊರೆ, ಕೊನೆಗೆ ಗಟ್ಟಿ ಚಿಪ್ಪು ಕಟ್ಟೋಕೆ ಮಾತ್ರ ಹತ್ತತ್ರ 20 ಗಂಟೆ ಬೇಕು. ಒಟ್ಟು 24ರಿಂದ 26 ಗಂಟೆ. ಅದಕ್ಕೇ ಇವತ್ತು ಬೆಳಿಗ್ಗೆ 8ಕ್ಕೆ ಇಟ್ಟ ಕೋಳಿ ನಾಳೆ 9ಕ್ಕೆ, ನಾಡಿದ್ದು ಇನ್ನೂ ತಡವಾಗಿ ಇಟ್ಟು, ಸಂಜೆ ಹತ್ರ ಬಂದ್ಮೇಲೆ ಒಂದು ದಿನ ಬಿಟ್ಟುಬಿಡುತ್ತೆ. ಅದು ಕಾಯಿಲೆ ಅಲ್ಲ.

ಹುಂಜನ ಪಾತ್ರ ಬರೋದು ಹಳದಿ ಅಂಡನಾಳಕ್ಕೆ ಬಿದ್ದ ಮೊದಲ ಕಾಲು ಅರ್ಧ ಗಂಟೆಲಿ, ಲೋಳೆ ಸುತ್ಕೊಳೋ ಮುಂಚೆ. ಅಷ್ಟೊತ್ತಿಗೆ ಅಲ್ಲಿ ಹುಂಜನ ವೀರ್ಯ ಇದ್ರೆ ಫಲ ಕಟ್ಟುತ್ತೆ, ಇಲ್ದಿದ್ರೆ ಇಲ್ಲ, ಮುಂದಿನ ಕೆಲಸ ಎರಡಕ್ಕೂ ಒಂದೇ ಥರ ನಡೆಯುತ್ತೆ. ಇನ್ನೊಂದು ವಿಷಯ ಇದೆ, ಕೋಳಿ ಒಂದ್ಸಲ ಕೂಡಿದ್ರೆ ಆ ವೀರ್ಯನ ತನ್ನ ಅಂಡನಾಳದ ಸಣ್ಣ ಸಣ್ಣ ಕೊಳವೆಗಳಲ್ಲಿ ಇಟ್ಕೊಂಡು ಹತ್ತು ದಿನ, ಎರಡು ವಾರ, ಕೆಲವು ಸಲ ಮೂರು ವಾರದವರೆಗೂ ಬಳಸುತ್ತೆ. ನಿಮ್ಮ ಹುಂಜ ಹೋಗಿ ಎರಡು ತಿಂಗಳಾಯ್ತು, ನೀವು ಹಾಕಿದ್ದು ಈಚೆಗಿನ ಮೊಟ್ಟೆ, ಹಂಗಾಗಿ ಆ 9ರಲ್ಲಿ ಮರಿ ಆಗೋ ಚಾನ್ಸೇ ಇರಲಿಲ್ಲ, ಪಾಪ ಆ ಕೋಳಿ ತಪ್ಪೇನೂ ಇಲ್ಲ. ಆ ಮೊಟ್ಟೆಗಳನ್ನ ಮಾತ್ರ ತಿನ್ಬೇಡಿ, ಅಷ್ಟು ದಿನ ಕಾವಲ್ಲಿ ಇದ್ದು ಕೆಟ್ಟಿರ್ತಾವೆ, ಗುಂಡಿ ತೆಗೆದು ಮುಚ್ಚಿಬಿಡಿ.

ಈಗ ಮಳೆಗಾಲದ ವಿಷಯ, ಇಲ್ಲಿ ಹುಂಜ ತಂದ್ರೆ ಉಪಯೋಗ ಇಲ್ಲ. ಮೊಟ್ಟೆ ಇಡೋಕೆ ಕೋಳಿಗೆ ಬೆಳಕು ಬೇಕು, ದಿನಕ್ಕೆ 14ರಿಂದ 16 ಗಂಟೆ ಬೆಳಕಿದ್ರೆ ಚೆನ್ನಾಗಿ ಇಡುತ್ತೆ. ನಮ್ಮ ಕಡೆ ಹಗಲು ಡಿಸೆಂಬರಲ್ಲಿ ಹನ್ನೊಂದೂವರೆ ಗಂಟೆ, ಜೂನಲ್ಲೇ 13 ಗಂಟೆ ಹತ್ರ ಇರೋದು, ಅದ್ರಲ್ಲೂ ಮಲೆನಾಡಿನ ಮಳೆಲಿ ಮೋಡ ಕವಿದು, ನೀವು ಕೋಳಿನ ಹೊರಗೂ ಬಿಡ್ದೆ ಕತ್ತಲೆ ಗೂಡಲ್ಲಿ ಇಟ್ರೆ ಅದ್ರ ಪಾಲಿಗೆ ಹಗಲೇ ಆಗಿರಲ್ಲ. ಗೂಡೊಳಗೆ ನೀರು ತಾಗದ ಹಾಗೆ ಒಂದು ಸಣ್ಣ ಎಲ್ಇಡಿ ಬಲ್ಬ್ ಹಾಕಿ ಬೆಳಗಿನ ಜಾವ 4 ಗಂಟೆಗೆ ಹಚ್ಚಿ, ಸಂಜೆ ತಾನಾಗೇ ಕತ್ತಲಾಗ್ಲಿ. ರಾತ್ರಿ ತಟ್ಟಂತ ಲೈಟ್ ಆರಿಸಿದ್ರೆ ಕೋಳಿಗಳು ಕೂರೋ ಜಾಗ ಸಿಗ್ದೆ ಗಾಬರಿ ಬೀಳ್ತಾವೆ. ಜೊತೆಗೆ ಮಳೆಲಿ ಹುಳ ಹುಪ್ಪಟೆ ಕೆದಕಿ ತಿನ್ನೋದು ಕಮ್ಮಿ ಆಗುತ್ತೆ, ಬರೀ ನುಚ್ಚು ರಾಗಿ ಹಾಕಿದ್ರೆ ಸಾಲಲ್ಲ, ಸ್ವಲ್ಪ ಲೇಯರ್ ಫೀಡ್ ಅಥವಾ ಕಡ್ಲೆಕಾಯಿ ಹಿಂಡಿ ಸೇರಿಸಿ, ಬೂಷ್ಟು ಹಿಡಿದಿದ್ದನ್ನ ಮಾತ್ರ ಯಾವ ಕಾರಣಕ್ಕೂ ಹಾಕ್ಬೇಡಿ. ಒಂದು ಚಿಪ್ಪಿಗೆ ಹತ್ತತ್ರ 2 ಗ್ರಾಂ ಕ್ಯಾಲ್ಸಿಯಂ ಹೋಗುತ್ತೆ, ಅದಕ್ಕೆ ಕಪ್ಪೆಚಿಪ್ಪಿನ ಚೂರು, ಅಥವಾ ಖಾಲಿ ಮೊಟ್ಟೆ ಚಿಪ್ಪನ್ನೇ ಒಲೆ ಮೇಲೆ ಹುರಿದು ಪುಡಿ ಮಾಡಿ ಒಂದು ಬಟ್ಟಲಲ್ಲಿ ಇಡಿ. ಕಾವಿಗೆ ಕೂತ ಕೋಳಿ, ಗರಿ ಉದುರಿಸ್ತಾ ಇರೋ ಕೋಳಿ ಏನು ಹಾಕಿದ್ರೂ ಇಡಲ್ಲ, ಅವಕ್ಕೆ ಟೈಮ್ ಕೊಡ್ಬೇಕು.

ಹಂಗಂತ ಹುಂಜ ಬೇಡ ಅಂತ ನಾನು ಹೇಳಲ್ಲ. ಕಾಫಿ ತೋಟದ ಪಕ್ಕ ಕೋಳಿ ಬಿಟ್ಟು ಮೇಯಿಸೋರಿಗೆ ಒಳ್ಳೆ ಹುಂಜ ಅಂದ್ರೆ ಕಾವಲುಗಾರ, ಮೇಲಿಂದ ಗಿಡುಗ ಬಂದ್ರೆ ಒಂದು ಥರ ಕೂಗುತ್ತೆ, ನೆಲದ ಮೇಲೆ ಮುಂಗುಸಿನೋ ನಾಯಿನೋ ಬಂದ್ರೆ ಇನ್ನೊಂದು ಥರ, ಕೋಳಿಗಳಿಗೆ ಆ ವ್ಯತ್ಯಾಸ ಗೊತ್ತಾಗಿ ಹಂಗೇ ಅಡಗ್ತಾವೆ. ಕಾಳು ಸಿಕ್ರೆ ತಾನು ತಿನ್ನದೆ ಕೋಳಿಗಳನ್ನ ಕರೆಯುತ್ತೆ, ಜಗಳನೂ ಬಿಡಿಸುತ್ತೆ. ಮರಿ ಬೇಕು ಅಂದ್ರಂತೂ ಹುಂಜ ಬೇಕೇ ಬೇಕು, 8-10 ಹ್ಯಾಟೆಗೆ ಒಂದು ಸಾಕು, ಎರಡು ಬಿಟ್ರೆ ಕೋಳಿಗಳ ಬೆನ್ನಿನ ಗರಿ ಕಿತ್ತು ಗಾಯ ಆಗುತ್ತೆ. ನಿಮ್ಮ ಕೋಳಿಗಳ ಅಣ್ಣ ತಮ್ಮ ಬೇಡ, ಬೇರೆ ಊರಿಂದ 8 ತಿಂಗಳು ದಾಟಿದ್ದು ತನ್ನಿ. ಬಿಟ್ಟು ಒಂದು ವಾರ ಆದ್ಮೇಲೆ ಮೊಟ್ಟೆ ಕೂಡಿಡೋಕೆ ಶುರು ಮಾಡಿ, ತಂಪಾದ ಜಾಗದಲ್ಲಿ ಚೂಪು ತುದಿ ಕೆಳಗೆ ಮಾಡಿ ಇಡಿ, 7 ದಿನದ ಒಳಗೆ ಕಾವಿಗೆ ಹಾಕಿ. ಏಳನೇ ದಿನ ರಾತ್ರಿ ಕತ್ತಲೇಲಿ ಟಾರ್ಚ್ ಹಿಡಿದು ನೋಡಿ, ಒಳಗೆ ಕೆಂಪು ನರಗಳು ಬಲೆ ಥರ ಕಂಡ್ರೆ ಫಲ ಕಟ್ಟಿದೆ, ಏನೂ ಕಾಣ್ದೆ ತಿಳಿಯಾಗಿದ್ರೆ ಅದನ್ನ ತೆಗೆದುಬಿಡಿ. ಮರಿ ಹೊರಗೆ ಬರೋದು 21ನೇ ದಿನದ ಹೊತ್ತಿಗೆ.

ಪ್ರಶ್ನೆ: ಮೊಟ್ಟೆ ಒಡೆದಾಗ ರಕ್ತದ ಚುಕ್ಕೆ ಇತ್ತು, ಒಳಗೆ ಮರಿ ಆಗ್ತಿತ್ತಾ ಸರ್? (ಬೇಲೂರಿನ ಓದುಗರು)

ಉತ್ತರ: ಇಲ್ಲ. ಹಳದಿ ಕಳಚೋವಾಗ ಸಣ್ಣ ರಕ್ತನಾಳ ಒಡೆದ್ರೆ ಹಂಗೆ ಚುಕ್ಕೆ ಬರುತ್ತೆ, ಹುಂಜ ಇಲ್ಲದ ಫಾರಂ ಮೊಟ್ಟೆಲೂ ಬರುತ್ತೆ. ಫಲ ಕಟ್ಟಿದ್ಯೋ ಇಲ್ವೋ ಗೊತ್ತಾಗೋದು ಹಳದಿ ಮೇಲಿನ ಬಿಳಿ ಚುಕ್ಕೇಲಿ, ಅದು ಸಣ್ಣಗೆ ಒಂದೇ ಬಿಳಿ ಬೊಟ್ಟಿನ ಥರ ಇದ್ರೆ ಬರೀ ಮೊಟ್ಟೆ, ಸುತ್ತ ಉಂಗುರ ಥರ ಕಂಡ್ರೆ ಫಲ ಕಟ್ಟಿದ್ದು. ಕಟ್ಟಿದ್ರೂ ಕಾವು ಸಿಗ್ದೆ ತಂಪಲ್ಲಿ ಇಟ್ರೆ ಅದು ಮುಂದಕ್ಕೆ ಬೆಳೆಯಲ್ಲ. ರಕ್ತದ ಚುಕ್ಕೆನ ಚಮಚದ ತುದಿಲಿ ತೆಗೆದು ಅಡುಗೆಗೆ ಹಾಕಿ, ಏನೂ ತೊಂದ್ರೆ ಇಲ್ಲ.