ಎತ್ತರ ಮೈದಾನದ್ದು, ಆಟಗಾರರದ್ದಲ್ಲ

ಪ್ರಿಯರೇ,

ನಿಮ್ಮ ‘ಮೋಡದ ಮೇಲಿನ ಮಕ್ಕಳು’ ಲೇಖನ ತಲುಪಿದೆ. ಬೊಲಿವಿಯಾದ ಫುಟ್‌ಬಾಲ್ ಬಗ್ಗೆ ಕನ್ನಡದಲ್ಲಿ ಬರೆಯುವವರು ಕಡಿಮೆ. ನೀವು ಬರೆಯಲು ಕೂತಿದ್ದೇ ಖುಷಿಯ ವಿಷಯ. 1994ರ ವಿಶ್ವಕಪ್‌ನಲ್ಲಿ ಸ್ಪೇನ್ ವಿರುದ್ಧ ಎರ್ವಿನ್ ಸಾಂಚೆಸ್ ಹೊಡೆದ ಗೋಲಿನ ಪ್ಯಾರಾ ಚೆನ್ನಾಗಿದೆ. 1930, 1950, 1994, ಈ ಮೂರು ವಿಶ್ವಕಪ್ ಸೇರಿ ಆ ತಂಡ ಗಳಿಸಿದ್ದು ಅದೊಂದೇ ಗೋಲು ಎಂಬುದನ್ನು ಅಬ್ಬರವಿಲ್ಲದೆ ಹೇಳಿದ್ದೀರಿ. ಆ ಪ್ಯಾರಾ ಮುಟ್ಟಬೇಡಿ.

ಇನ್ನು ಜಗಳಕ್ಕೆ ಬರುತ್ತೇನೆ. ನಿಮ್ಮ ಎರಡನೇ ವಾಕ್ಯವೇ ಹೀಗಿದೆ: “ಆಂಡಿಸ್‌ನ ಹಿಮದ ಮಡಿಲಲ್ಲಿ ಹುಟ್ಟಿ, ತೆಳುಗಾಳಿ ಕುಡಿದು ಬೆಳೆದ ಎಚೆವೆರಿ, ಸಾಂಚೆಸ್, ಮೊರೆನೊ.” ಮೂವರೂ ಸಾಂತಾ ಕ್ರೂಸ್‌ನವರು. ಆ ಊರು ಪೂರ್ವದ ಬಯಲಿನಲ್ಲಿದೆ. ಎತ್ತರ 400 ಮೀಟರ್‌ನ ಆಸುಪಾಸು, ಹವೆ ಸೆಕೆಯದು. ಹಿಮವೂ ಇಲ್ಲ, ತೆಳುಗಾಳಿಯೂ ಇಲ್ಲ. ಮೂವರೂ ಆಟ ಕಲಿತದ್ದು ಅದೇ ಊರಿನ ತಾವಿಚಿ ಅಕಾಡೆಮಿಯಲ್ಲಿ, 1978ರಲ್ಲಿ ಶುರುವಾದದ್ದು. ದೇಶದ ಪರ ಅತಿ ಹೆಚ್ಚು ಗೋಲು ಹೊಡೆದ ಮಾರ್ಸೆಲೊ ಮಾರ್ಟಿನ್ಸ್ ಮೊರೆನೊ (ಇವರು ಬೇರೆ ಮೊರೆನೊ) ಹುಟ್ಟಿದ್ದೂ ಅಲ್ಲೇ. ಬಯಲಿನವರನ್ನು ಅಲ್ಲಿ ‘ಕಾಂಬಾ’ ಎನ್ನುತ್ತಾರೆ, ಗುಡ್ಡದವರನ್ನು ‘ಕೋಯಾ’. ಈ ಇಬ್ಬರ ನಡುವಿನ ಹಳೇ ಹುಸಿಮುನಿಸು, ಒಮ್ಮೊಮ್ಮೆ ನಿಜವಾದ ಮುನಿಸು, ಗೊತ್ತಿಲ್ಲದೆ ಆ ತಂಡದ ಬಗ್ಗೆ ಬರೆಯುವುದು ಕಷ್ಟ. ಕಾಂಬಾಗಳನ್ನು ನೀವು ಒಂದೇ ವಾಕ್ಯದಲ್ಲಿ ಗುಡ್ಡ ಹತ್ತಿಸಿಬಿಟ್ಟಿದ್ದೀರಿ.

ಮುಂದಿನ ಪುಟದಲ್ಲಿ ಇದೇ ತಪ್ಪು ದೊಡ್ಡದಾಗುತ್ತದೆ. “ಲಾ ಪಾಜ್‌ನ ಎತ್ತರವೇ ಬೊಲಿವಿಯಾವನ್ನು 1994ರ ವಿಶ್ವಕಪ್‌ಗೆ ಕೊಂಡೊಯ್ದಿತು” ಎಂದಿದ್ದೀರಿ. ಅರ್ಹತಾ ಸುತ್ತಿನ ಅಂಕಪಟ್ಟಿ ತೆಗೆದು ನೋಡೋಣ. ಆಗ ಗೆಲುವಿಗೆ ಎರಡೇ ಅಂಕ, ಡ್ರಾಗೆ ಒಂದು. ತವರಿನ ನಾಲ್ಕೂ ಪಂದ್ಯ ಬೊಲಿವಿಯಾ ಗೆದ್ದಿತು: ಬ್ರೆಜಿಲ್ 2–0, ಉರುಗ್ವೆ 3–1, ಈಕ್ವೆಡಾರ್ 1–0, ವೆನೆಜುವೆಲಾ 7–0. ಒಟ್ಟು 8 ಅಂಕ. ಮೂರನೇ ಸ್ಥಾನದಲ್ಲಿ ಉಳಿದು ಮನೆಗೆ ಹೋದ ಉರುಗ್ವೆಯ ಬಳಿ ಇದ್ದದ್ದು 10. ಅಂದರೆ ಎತ್ತರ ಕೊಟ್ಟ ಅಂಕಗಳಷ್ಟೇ ಆಗಿದ್ದರೆ ಬೊಲಿವಿಯಾ ಅಮೆರಿಕದ ವಿಮಾನ ಹತ್ತುತ್ತಲೇ ಇರಲಿಲ್ಲ. ಉಳಿದ 3 ಅಂಕ ಬಂದದ್ದು ತಗ್ಗಿನಲ್ಲಿ. ಒರಿನೊಕೊ ನದಿಯ ದಡದ ಪ್ಯುರ್ಟೊ ಒರ್ದಾಸ್‌ನಲ್ಲಿ ವೆನೆಜುವೆಲಾಕ್ಕೆ 7–1. ಆಮೇಲೆ ಸಮುದ್ರಮಟ್ಟದ ಗ್ವಾಯಾಕಿಲ್‌ನಲ್ಲಿ ಈಕ್ವೆಡಾರ್ ಜೊತೆ 1–1, ಗೋಲು ವಿಲಿಯಂ ರಾಮಾಯೊ ಅವರದು. ನಿಮ್ಮ ಲೇಖನದಲ್ಲಿ ಈ ಎರಡು ಪಂದ್ಯಗಳ ಹೆಸರೂ ಇಲ್ಲ.

ನಾನು ಕ್ರೀಡಾ ಡೆಸ್ಕಿಗೆ ಸೇರಿದ ಹೊಸದರಲ್ಲಿ ಹಿರಿಯರೊಬ್ಬರು ಅಂಕಪಟ್ಟಿಯನ್ನು ಕೈಯಲ್ಲೇ ಬರೆಸುತ್ತಿದ್ದರು, ತವರಿಗೊಂದು ಕಾಲಂ, ಹೊರಗಿನದಕ್ಕೊಂದು. ಎರಡನ್ನೂ ಕೂಡಿಸಿ ತೋರಿಸುವವರೆಗೆ ವರದಿಯ ಮೊದಲ ವಾಕ್ಯವನ್ನೂ ಓದುತ್ತಿರಲಿಲ್ಲ. ನೀವೂ ಹಾಗೇ ಮಾಡಿ.

ಎತ್ತರದಿಂದ ಏನೂ ಆಗುವುದಿಲ್ಲ ಎಂದು ನಾನು ಹೇಳುತ್ತಿಲ್ಲ. ಯಾವಾಗ, ಹೇಗೆ ಆಗುತ್ತದೆ ಎಂದು ನೀವು ಹೇಳಬೇಕು. ಲಾ ಪಾಜ್‌ನ ಎರ್ನಾಂಡೊ ಸಿಲೆಸ್ ಮೈದಾನ ಸುಮಾರು 3,600 ಮೀಟರ್ ಮೇಲಿದೆ. ಗಾಳಿಯ ಒತ್ತಡ ಸಮುದ್ರಮಟ್ಟದ ಮೂರನೇ ಎರಡರಷ್ಟು. ಒಂದು ಓಟ ಓಡಿ ನಿಂತವನಿಗೆ ಇನ್ನೊಂದು ಓಟಕ್ಕೆ ಉಸಿರು ಮರಳುವುದು ತಡವಾಗುತ್ತದೆ. ಮೊದಲರ್ಧದಲ್ಲಿ ಹೇಗೋ ಮುಚ್ಚಿಹೋಗುವ ಈ ತಡ ಕೊನೆಯ ಅರ್ಧಗಂಟೆಯಲ್ಲಿ ಬಯಲಾಗುತ್ತದೆ. ಚೆಂಡಿಗೆ ಗಾಳಿಯ ತಡೆ ಕಡಿಮೆ, ಹಾಗಾಗಿ ದೂರದ ಹೊಡೆತ ಬೇಗ ಬರುತ್ತದೆ. ತಿರುವೂ ಕಡಿಮೆ, ಹಾಗಾಗಿ ಬಾಗಬೇಕಾದ ಚೆಂಡು ನೆಟ್ಟಗೆ ಹೋಗಿ ಗೋಲ್‌ಕೀಪರ್‌ನ ಅಂದಾಜು ತಪ್ಪಿಸುತ್ತದೆ. ದೇಹ ಪೂರ್ತಿ ಒಗ್ಗಿಕೊಳ್ಳಲು ವಾರಗಳೇ ಬೇಕು. ಎರಡು ದಿನ ಮೊದಲು ಬಂದರೆ ತಲೆನೋವು, ನಿದ್ದೆಗೇಡು ಸರಿಯಾಗಿ ಪಂದ್ಯದ ಹೊತ್ತಿಗೇ ಹಿಡಿದುಕೊಳ್ಳುತ್ತವೆ. ಅದಕ್ಕೇ ಎಷ್ಟೋ ತಂಡಗಳು ಸಾಂತಾ ಕ್ರೂಸ್‌ನಲ್ಲೇ ತಂಗಿದ್ದು, ಪಂದ್ಯದ ದಿನ ವಿಮಾನದಲ್ಲಿ ಮೇಲೇರಿ, ಆಡಿ, ಅಂದೇ ಕೆಳಗಿಳಿಯುತ್ತವೆ. “ಉಸಿರುಗಟ್ಟಿಸುವ ಎತ್ತರ” ಎಂದು ಐದು ಸಲ ಬರೆಯುವ ಬದಲು ಇದನ್ನು ಒಂದು ಸಲ ಬರೆಯಿರಿ.

ಇದು ಗೊತ್ತಿದ್ದರೆ ಯಾವ ಪಂದ್ಯಕ್ಕೆ ಎತ್ತರದ ಹೆಸರು ಹೇಳಬಹುದು ಎಂಬುದೂ ತಾನಾಗಿ ತಿಳಿಯುತ್ತದೆ. 1993ರ ಜುಲೈ 25, ಲಾ ಪಾಜ್. ವಿಶ್ವಕಪ್ ಅರ್ಹತಾ ಪಂದ್ಯಗಳಲ್ಲಿ ಅಲ್ಲಿಯವರೆಗೆ ಒಮ್ಮೆಯೂ ಸೋಲದ ಬ್ರೆಜಿಲ್. ಸಾಂಚೆಸ್‌ರ ಪೆನಾಲ್ಟಿಯನ್ನು ಬ್ರೆಜಿಲ್ ಗೋಲ್‌ಕೀಪರ್ ತಫರೆಲ್ ತಡೆದರು. 88ನೇ ನಿಮಿಷದವರೆಗೂ 0–0. ಆಮೇಲೆ ಎಡಗಡೆಯಿಂದ ನುಗ್ಗಿದ ಎಚೆವೆರಿ ಹೊಡೆದದ್ದು ತಫರೆಲ್‌ಗೆ ತಾಗಿ ಕಾಲ ಸಂದಿಯಲ್ಲೇ ಒಳಹೋಯಿತು. ಮರುನಿಮಿಷದಲ್ಲೇ ಆಲ್ವಾರೊ ಪೆನ್ಯಾ ಇನ್ನೊಂದು. ಸುಸ್ತಾದ ಕಾಲುಗಳು ಕೈಕೊಡುವ ಹೊತ್ತು ಅದು. ಅಲ್ಲಿ ಎತ್ತರದ ಮಾತು ಬರಲಿ, ಒಪ್ಪುತ್ತೇನೆ.

ನೀವು ಅದನ್ನು ಬಿಟ್ಟು 2009ರ ಏಪ್ರಿಲ್ 1ರಂದು ಅರ್ಜೆಂಟೀನಾ ವಿರುದ್ಧ ಬಂದ 6–1 ಗೆಲುವಿಗೆ “ಮರಡೋನಾ ಪಡೆ ಉಸಿರಿಲ್ಲದೆ ಕುಸಿಯಿತು” ಎಂದು ಬರೆದಿದ್ದೀರಿ. ಮಧ್ಯಂತರಕ್ಕೇ 3–1 ಆಗಿತ್ತು. ಹನ್ನೆರಡನೇ ನಿಮಿಷಕ್ಕೆ ಮಾರ್ಟಿನ್ಸ್ ಗೋಲು ಹೊಡೆದಾಗ ಯಾರ ಉಸಿರೂ ಮುಗಿದಿರಲಿಲ್ಲ. ಎರಡನೇ ಅರ್ಧದಲ್ಲಿ ಡಿ ಮರಿಯಾಗೆ ಕೆಂಪು ಕಾರ್ಡ್ ಬಿತ್ತು, ಅರ್ಜೆಂಟೀನಾ ಹತ್ತೇ ಮಂದಿಯಲ್ಲಿ ಆಡಿತು, ಅದನ್ನೂ ಹೇಳಿಲ್ಲ. ಹ್ಯಾಟ್ರಿಕ್ ಹೊಡೆದ ಹೊವಾಕಿನ್ ಬೊಟೆರೊ ನಿಮ್ಮಲ್ಲಿ “ಮತ್ತೊಬ್ಬ ಆಟಗಾರ”! ಆ ಮನುಷ್ಯ ಓದಿದರೆ ಏನಂದುಕೊಳ್ಳಬೇಕು?

ಎರಡನೇ ತಕರಾರು, ವೃತ್ತಿಜೀವನಗಳದು. ಮಾರ್ಟಿನ್ಸ್ ಬಗ್ಗೆ “ಬರಿಗಾಲಲ್ಲಿ ಬಡತನ ತುಳಿದು ಬಂದ ಹುಡುಗ” ಎಂದಿದ್ದೀರಿ. ಅವರ ತಂದೆಯೇ ಬ್ರೆಜಿಲ್‌ನ ಫುಟ್‌ಬಾಲ್ ಆಟಗಾರ. ಮಗ ಬ್ರೆಜಿಲ್‌ನ ಕಿರಿಯರ ತಂಡದ ಅಂಗಿ ತೊಟ್ಟು, ಆಮೇಲೆ 2007ರಲ್ಲಿ ತಾಯ್ನೆಲದ ತಂಡ ಆರಿಸಿಕೊಂಡರು. ನಿಜವಾದ ಕಥೆ ಆ ಆಯ್ಕೆಯಲ್ಲಿದೆ, ನಿಮ್ಮ ಬರಿಗಾಲಲ್ಲಿ ಅಲ್ಲ. ಕ್ರುಝೇರೊ, ಶಖ್ತಾರ್, ವೆರ್ಡರ್ ಬ್ರೆಮೆನ್, ವಿಗನ್, ಗ್ರೆಮಿಯೊ, ಫ್ಲಮೆಂಗೊ, ಚೀನಾದ ಕ್ಲಬ್‌ಗಳು ಎಂದು ಬಸ್ ನಿಲ್ದಾಣಗಳ ಹಾಗೆ ಹೆಸರು ಕೂಗಿದ್ದೀರಿ. ಯುರೋಪಿನಲ್ಲಿ ಕಾಲೂರದವನು ಬ್ರೆಜಿಲ್‌ನಲ್ಲಿ ಮತ್ತೆ ಮತ್ತೆ ಬೇಕಾದದ್ದು ಯಾಕೆ? ಕೇಳಿಕೊಂಡೇ ಇಲ್ಲ. 2022ರ ಅರ್ಹತಾ ಸುತ್ತಿನಲ್ಲಿ ದಕ್ಷಿಣ ಅಮೆರಿಕದ ಅತಿ ಹೆಚ್ಚು ಗೋಲು ಅವರದೇ, ಹತ್ತು. ನೇಮರ್, ಮೆಸ್ಸಿ ಇಬ್ಬರೂ ಹಿಂದೆ. ತಂಡ ಮಾತ್ರ ಹತ್ತರಲ್ಲಿ ಒಂಬತ್ತನೆಯದು. ಈ ಎರಡು ಅಂಕಿಗಳನ್ನು ಅಕ್ಕಪಕ್ಕ ಇಟ್ಟರೆ ಸಾಕು, ನಿಮ್ಮ ಕಣ್ಣೀರಿನ ಪ್ಯಾರಾ ಬೇಕಾಗುವುದಿಲ್ಲ.

ಎಚೆವೆರಿ ಮತ್ತು ಮೊರೆನೊ ವಾಷಿಂಗ್ಟನ್‌ನ ಡಿ.ಸಿ. ಯುನೈಟೆಡ್ ಕ್ಲಬ್‌ನಲ್ಲಿ ಆಡಿದ ದಿನಗಳಿಗೆ ನೀವು ಕೊಟ್ಟದ್ದು ಒಂದೂವರೆ ಸಾಲು. 1996ರ ಅಕ್ಟೋಬರ್, ಫಾಕ್ಸ್‌ಬರೊ, ಅಮೆರಿಕದ ಫುಟ್‌ಬಾಲ್ ಲೀಗ್ ಎಂಎಲ್‌ಎಸ್‌ನ ಮೊಟ್ಟಮೊದಲ ಫೈನಲ್. ಧೋ ಎಂದು ಮಳೆ, ಮೈದಾನದ ತುಂಬ ನೀರು, ವಾಷಿಂಗ್ಟನ್ ತಂಡ 0–2 ಹಿಂದೆ. ಮೊದಲ ಗೋಲು ಎಚೆವೆರಿಯ ಫ್ರೀಕಿಕ್‌ಗೆ ಸ್ಯಾನೆ ಕೊಟ್ಟ ತಲೆ. ಎರಡನೆಯದು ಹುಟ್ಟಿದ್ದೂ ಎಚೆವೆರಿಯ ಫ್ರೀಕಿಕ್‌ನಿಂದಲೇ. ಹೆಚ್ಚುವರಿ ಸಮಯದಲ್ಲಿ ಅವರದೇ ಕಾರ್ನರ್‌ಗೆ ಎಡ್ಡಿ ಪೋಪ್ ತಲೆ ಕೊಟ್ಟರು, 3–2. ಎತ್ತರದ ಹಂಗಿಲ್ಲದೆ ಆ ಎಡಗಾಲು ಏನು ಮಾಡಬಲ್ಲದು ಎಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? 1994ರಲ್ಲಿ ಜರ್ಮನಿಯ ವಿರುದ್ಧ ಬದಲಿಯಾಗಿ ಇಳಿದು, ಮೂರ್ನಾಲ್ಕು ನಿಮಿಷಕ್ಕೇ ಕೆಂಪು ಕಾರ್ಡ್ ಪಡೆದದ್ದಕ್ಕೆ ಮುಕ್ಕಾಲು ಪುಟ ಬರೆದಿದ್ದೀರಿ. ಎರಡರ ಜಾಗ ಅದಲುಬದಲು ಮಾಡಿ.

1,800 ಪದಗಳನ್ನು 1,000ಕ್ಕೆ ಇಳಿಸಿ ಮತ್ತೆ ಕಳಿಸಿ. ಎಲ್ ಆಲ್ಟೊದ ಮೈದಾನದ ಭಾಗ ಸದ್ಯಕ್ಕೆ ಬೇಡ, ಅದು ಬೇರೆಯೇ ಲೇಖನ. ಇನ್ನೊಂದು: ಮೊರೆನೊರ ಮೊದಲ ಹೆಸರು ‘ಜೈಮ್’ ಅಲ್ಲ, ‘ಹೈಮೆ’. ಹನ್ನೊಂದು ಕಡೆ ತಪ್ಪಾಗಿದೆ, ಎಣಿಸಿದ್ದೇನೆ.